ಡಿಎನ್‌ಆರ್: ಬೇಡವೆಂದು ಬರೆದಿಡಬೇಕಾದ ಚಿಕಿತ್ಸೆ

ಆಸ್ಪತ್ರೆಯ ಕೇಸ್ ಶೀಟಿನಲ್ಲಿ ಕಾಣುವ ಡಿಎನ್‌ಆರ್ ಎಂಬ ಮೂರಕ್ಷರ ‘ಡು ನಾಟ್ ರಿಸಸಿಟೇಟ್’ ಎಂಬುದರ ಹ್ರಸ್ವರೂಪ. ರೋಗಿಯ ಹೃದಯ ಬಡಿತವೋ ಉಸಿರೋ ನಿಂತರೆ ಅದನ್ನು ಮರಳಿಸುವ ಪ್ರಯತ್ನಕ್ಕೆ ಕೈ ಹಾಕಬಾರದು ಎಂದು ಅದರ ಅರ್ಥ. ಎದೆಯನ್ನು ಒತ್ತುವುದು, ಬಾಯಿಯಿಂದಲೋ ಚೀಲದಿಂದಲೋ ಗಾಳಿ ಊದುವುದು, ಶ್ವಾಸನಾಳಕ್ಕೆ ಕೊಳವೆ ಇಳಿಸುವುದು, ವಿದ್ಯುತ್ ಆಘಾತ ಕೊಡುವುದು, ಅಡ್ರಿನಲಿನ್ ಚುಚ್ಚುವುದು, ಇವೆಲ್ಲ ಸೇರಿ ಸಿಪಿಆರ್ ಎನಿಸಿಕೊಳ್ಳುತ್ತವೆ. ಆದೇಶ ಇಷ್ಟಕ್ಕೆ ಮಾತ್ರ ಅನ್ವಯಿಸುತ್ತದೆ. ಆ್ಯಂಟಿಬಯಾಟಿಕ್, ರಕ್ತ, ಡಯಾಲಿಸಿಸ್, ನೋವಿನ ಮದ್ದು, ಊಟ, ನೀರು, ಶುಶ್ರೂಷೆ ಯಾವುದನ್ನೂ ಅದು ತಡೆಯುವುದಿಲ್ಲ. ದಯಾಮರಣದ ಜೊತೆ ಅದನ್ನು ಬೆರೆಸುವುದು ಸಾಮಾನ್ಯವಾದರೂ ಎರಡೂ ಬೇರೆ. ಡಿಎನ್‌ಆರ್ ಯಾರ ಸಾವನ್ನೂ ತರುವುದಿಲ್ಲ. ಸಾವು ಬಂದ ಗಳಿಗೆಯಲ್ಲಿ ಏನು ಮಾಡಬಾರದು ಎಂಬುದನ್ನಷ್ಟೇ ಹೇಳುತ್ತದೆ.

ವೈದ್ಯಕೀಯದಲ್ಲಿ ಇಂಥ ಇನ್ನೊಂದು ಆದೇಶ ಸಿಗುವುದು ಕಷ್ಟ. ಒಂದು ಮಾತ್ರೆ ಕೊಡಲೂ ವೈದ್ಯರ ಬರಹ ಬೇಕು, ಶಸ್ತ್ರಚಿಕಿತ್ಸೆಗೆ ರೋಗಿಯ ಸಹಿ ಬೇಕು. ಸಿಪಿಆರ್‌ಗೆ ಎರಡೂ ಬೇಡ. ಹೃದಯ ನಿಂತಿತೆಂದರೆ ಹತ್ತಿರವಿದ್ದವರು ಯಾರನ್ನೂ ಕೇಳದೆ ಶುರು ಮಾಡುತ್ತಾರೆ, ಮಾಡಬೇಕು ಕೂಡ. ಅದನ್ನು ತಡೆಯಬೇಕಾದರೆ ಮಾತ್ರ ಕಾಗದದ ಮೇಲೆ ಅಕ್ಷರ ಬೀಳಬೇಕು. ಬೇಡವೆನ್ನಲು ಅಪ್ಪಣೆ ಬೇಕಾಗುವ ಈ ತಲೆಕೆಳಗಾದ ಪದ್ಧತಿಯನ್ನು ಯಾರೂ ಕೂತು ಯೋಚಿಸಿ ರೂಪಿಸಲಿಲ್ಲ. 1960ರ ನಂತರದ ಹತ್ತು ಹದಿನೈದು ವರ್ಷಗಳಲ್ಲಿ ಅದು ತಾನಾಗಿ ಬೆಳೆಯಿತು. ಆಮೇಲಿನ ಚರಿತ್ರೆಯೆಲ್ಲ ಆ ‘ಬೇಡ’ವನ್ನು ಯಾರು ಬರೆಯಬೇಕು, ಯಾರನ್ನು ಕೇಳಿ ಬರೆಯಬೇಕು ಎಂಬ ಜಗ್ಗಾಟದ್ದು.

ಹೋದ ಜೀವವನ್ನು ಮರಳಿಸುವ ಆಸೆ ಹಳೆಯದು, ಅದರ ವಿಧಾನಗಳೂ ವಿಚಿತ್ರ. 1732ರಲ್ಲಿ ಸ್ಕಾಟ್ಲೆಂಡಿನ ಆಲೋವಾ ಊರಿನ ಕಲ್ಲಿದ್ದಲ ಗಣಿಯಲ್ಲಿ ಹೊಗೆ ಕುಡಿದು ಬಿದ್ದಿದ್ದ ಕಾರ್ಮಿಕನೊಬ್ಬನಿಗೆ ಶಸ್ತ್ರವೈದ್ಯ ವಿಲಿಯಂ ಟೊಸ್ಸಾಕ್ ಬಾಯಿಗೆ ಬಾಯಿಟ್ಟು ಉಸಿರು ತುಂಬಿದ. ಆ ಮನುಷ್ಯ ಬದುಕಿದ. ಕಾಲುವೆಗಳ ಊರಾದ ಆಮ್‌ಸ್ಟರ್‌ಡ್ಯಾಮಿನಲ್ಲಿ ನೀರಿಗೆ ಬಿದ್ದವರನ್ನು ಉಳಿಸಲೆಂದೇ 1767ರಲ್ಲಿ ಸಂಘವೊಂದು ಹುಟ್ಟಿತು. 1774ರಲ್ಲಿ ಲಂಡನ್ನಿನಲ್ಲಿ ವಿಲಿಯಂ ಹಾಸ್ ಮತ್ತು ಥಾಮಸ್ ಕೋಗನ್ ಅಂಥದ್ದೇ ಸಂಸ್ಥೆ ಕಟ್ಟಿದರು. ಮುಂದೆ ಅದು ರಾಯಲ್ ಹ್ಯೂಮೇನ್ ಸೊಸೈಟಿ ಆಯಿತು. ಮುಳುಗಿದವರ ಗುದದ್ವಾರದಿಂದ ತಂಬಾಕಿನ ಹೊಗೆ ಊದುವುದು ಅಂದಿನ ಮಾನ್ಯ ಚಿಕಿತ್ಸೆಗಳಲ್ಲಿ ಒಂದು. ಅದಕ್ಕೆ ಬೇಕಾದ ತಿದಿಗಳನ್ನು ಥೇಮ್ಸ್ ದಂಡೆಯಲ್ಲಿ ಸಿದ್ಧವಾಗಿ ಇಡುತ್ತಿದ್ದರು. ಈ ಸಂಘಗಳ ಗುರಿ ಮಾತ್ರ ಸ್ಪಷ್ಟವಿತ್ತು. ಗಟ್ಟಿಮುಟ್ಟಾಗಿದ್ದು ಅಕಸ್ಮಾತ್ತಾಗಿ ಉಸಿರು ಕಳೆದುಕೊಂಡವರನ್ನು ಎಬ್ಬಿಸುವುದು ಅವುಗಳ ಕೆಲಸ. ಹಾಸಿಗೆ ಹಿಡಿದು ದಿನ ಎಣಿಸುತ್ತಿದ್ದ ಮುದುಕರ ಮೇಲೆ ತಿದಿ ಪ್ರಯೋಗಿಸುವ ಯೋಚನೆ ಯಾರಿಗೂ ಬಂದಂತಿಲ್ಲ.

ಇಪ್ಪತ್ತನೇ ಶತಮಾನದ ನಡುವಿನವರೆಗೂ ಇದೇ ತಿಳಿವಳಿಕೆ ಇತ್ತು. ಹೃದಯ ನಿಂತರೆ ಎದೆ ಸೀಳಿ, ಕೈಯಿಂದಲೇ ಹೃದಯವನ್ನು ಹಿಚುಕುವುದು ಶಸ್ತ್ರಚಿಕಿತ್ಸಾ ಕೊಠಡಿಯಲ್ಲಿ ಮಾತ್ರ ಸಾಧ್ಯವಿದ್ದ ಕ್ರಮ. 1947ರಲ್ಲಿ ಕ್ಲೀವ್‌ಲ್ಯಾಂಡಿನ ಕ್ಲಾಡ್ ಬೆಕ್ ಎದೆಯ ಶಸ್ತ್ರಚಿಕಿತ್ಸೆಯ ಕೊನೆಯಲ್ಲಿ ಹೃದಯ ಅದುರತೊಡಗಿದ 14 ವರ್ಷದ ಹುಡುಗನಿಗೆ ತೆರೆದ ಹೃದಯದ ಮೇಲೆಯೇ ವಿದ್ಯುತ್ ಹರಿಸಿ ಬದುಕಿಸಿದರು. ಸಾಯಲು ತಕ್ಕಷ್ಟು ಕೆಡದ ಹೃದಯಗಳೂ ಕೆಲವೊಮ್ಮೆ ನಿಂತುಬಿಡುತ್ತವೆ, ಅವನ್ನು ಉಳಿಸಬೇಕು ಎಂಬುದು ಬೆಕ್ ಅವರ ವಾದ. 1950ರ ದಶಕದಲ್ಲಿ ಪಾಲ್ ಝೋಲ್ ಎದೆ ಸೀಳದೆ ಹೊರಗಿನಿಂದಲೇ ವಿದ್ಯುತ್ ಆಘಾತ ಕೊಡುವುದನ್ನು ಸಾಧಿಸಿದರು. ಬಾಯಿಗೆ ಬಾಯಿಟ್ಟು ಊದಿದ ಗಾಳಿ ರಕ್ತಕ್ಕೆ ಸಾಕಷ್ಟು ಆಮ್ಲಜನಕ ಕೊಡುತ್ತದೆ ಎಂದು ಜೇಮ್ಸ್ ಎಲಾಂ ಮತ್ತು ಪೀಟರ್ ಸಫರ್ ತೋರಿಸಿಕೊಟ್ಟರು.

ತಿರುವು ಬಂದದ್ದು ಬಾಲ್ಟಿಮೋರಿನ ಜಾನ್ಸ್ ಹಾಪ್ಕಿನ್ಸ್ ಆಸ್ಪತ್ರೆಯಲ್ಲಿ. ಎಂಜಿನಿಯರ್ ವಿಲಿಯಂ ಕೌವೆನ್‌ಹೋವನ್ ಅವರ ಪ್ರಯೋಗಶಾಲೆಯಲ್ಲಿ ನಾಯಿಗಳ ಮೇಲೆ ವಿದ್ಯುತ್ ಪ್ರಯೋಗ ನಡೆದಿದ್ದಾಗ, ಭಾರದ ಫಲಕಗಳನ್ನು ಎದೆಗೆ ಒತ್ತಿದರೆ ಸಾಕು, ವಿದ್ಯುತ್ ಹರಿಯುವ ಮೊದಲೇ ರಕ್ತದ ಒತ್ತಡ ಸ್ವಲ್ಪ ಏರುತ್ತದೆ ಎಂಬುದನ್ನು ಗೈ ನಿಕರ್‌ಬಾಕರ್ ಗಮನಿಸಿದರು. ಶಸ್ತ್ರವೈದ್ಯ ಜೇಮ್ಸ್ ಜೂಡ್ ಜೊತೆಗೂಡಿದರು. ಮೂವರ ಹೆಸರಿನ ಲೇಖನ 1960ರ ಜುಲೈಯಲ್ಲಿ ಅಮೆರಿಕನ್ ಮೆಡಿಕಲ್ ಅಸೋಸಿಯೇಷನ್ನಿನ ಪತ್ರಿಕೆಯಲ್ಲಿ ಬಂತು. ಎದೆ ಸೀಳಬೇಕಿಲ್ಲ, ಉಪಕರಣವೂ ಬೇಕಿಲ್ಲ, ಎರಡು ಕೈ ಇದ್ದರೆ ಯಾರು ಎಲ್ಲಿ ಬೇಕಾದರೂ ಮಾಡಬಹುದು ಎಂಬುದು ಅದರ ಸಾರ. 20 ರೋಗಿಗಳ ಪೈಕಿ 14 ಮಂದಿ ಬದುಕಿದ್ದರು, ಅಂದರೆ ಶೇ 70. ಆದರೆ ಆ ರೋಗಿಗಳಲ್ಲಿ ಅನೇಕರ ಹೃದಯ ನಿಂತದ್ದು ಅರಿವಳಿಕೆಯ ಹೊತ್ತಿನಲ್ಲಿ, ವೈದ್ಯರ ಕಣ್ಣೆದುರೇ. ಮುಂದೆ ವಾರ್ಡುಗಳಲ್ಲಿ ಸಿಪಿಆರ್ ಪಡೆದ ಲಕ್ಷಾಂತರ ಜನರ ಸ್ಥಿತಿ ಬೇರೆಯೇ ಇತ್ತು. ಶೇ 70 ಎಂಬ ಅಂಕಿ ಮಾತ್ರ ಜನರ ಮನಸ್ಸಿನಲ್ಲಿ ಕೂತುಬಿಟ್ಟಿತು.

ಹಬ್ಬಿದ ವೇಗವೂ ಸಾಧಾರಣವಲ್ಲ. ಅದೇ ವರ್ಷ ನಾರ್ವೆಯ ಆಟಿಕೆ ತಯಾರಕ ಆಸ್ಮುಂಡ್ ಲೇರ್ಡಾಲ್ ತರಬೇತಿಗೆಂದು ಗೊಂಬೆಯೊಂದನ್ನು ಮಾರುಕಟ್ಟೆಗೆ ತಂದರು. ಸೆನ್ ನದಿಯಲ್ಲಿ ಮುಳುಗಿ ಸತ್ತಳೆನ್ನಲಾದ ಅನಾಮಿಕ ಹುಡುಗಿಯ ಮುಖದ ಅಚ್ಚನ್ನು ಅದಕ್ಕೆ ಬಳಸಿದ್ದರು. 1966ರಲ್ಲಿ ಅಮೆರಿಕದ ರಾಷ್ಟ್ರೀಯ ವಿಜ್ಞಾನ ಅಕಾಡೆಮಿ ಸಭೆ ಸೇರಿಸಿ, ಆರೋಗ್ಯ ಸಿಬ್ಬಂದಿಗೆಲ್ಲ ಸಿಪಿಆರ್ ಕಲಿಸಬೇಕೆಂದು ಹೇಳಿತು. ಆಸ್ಪತ್ರೆಗಳಲ್ಲಿ ಕರೆ ಬಂದೊಡನೆ ಓಡಿಬರುವ ತಂಡಗಳು ಹುಟ್ಟಿಕೊಂಡವು. ಹೃದಯ ನಿಂತ ನಾಲ್ಕಾರು ನಿಮಿಷಗಳಲ್ಲಿ ಮಿದುಳು ಹಾಳಾಗತೊಡಗುವುದರಿಂದ ಯೋಚಿಸುತ್ತ ನಿಲ್ಲಲು ಸಮಯವಿರುವುದಿಲ್ಲ. ಮೊದಲು ಮಾಡು, ಆಮೇಲೆ ಕೇಳು ಎಂಬುದೇ ನಿಯಮವಾಯಿತು. ತುರ್ತಿನಲ್ಲಿ ಒಪ್ಪಿಗೆ ಇದೆಯೆಂದೇ ಭಾವಿಸಬೇಕು ಎಂಬ ಕಾನೂನಿನ ಹಳೆಯ ತತ್ವ ಅದಕ್ಕೆ ಬೆಂಬಲವಾಗಿ ಒದಗಿತು. ಆಸ್ಪತ್ರೆಯಲ್ಲಿ ಸಾಯುವ ಪ್ರತಿಯೊಬ್ಬರ ಹೃದಯವೂ ಕೊನೆಗೆ ನಿಲ್ಲುತ್ತದೆ. ಹೀಗಾಗಿ ಆಕಸ್ಮಿಕಕ್ಕೆಂದು ಹುಟ್ಟಿದ ಚಿಕಿತ್ಸೆ ಪ್ರತಿ ಸಾವಿಗೂ ಅನ್ವಯಿಸುವಂತಾಯಿತು.

ಅದರ ಫಲ ಏನೆಂಬುದನ್ನು 1968ರಲ್ಲಿ ಬ್ರಿಟಿಷ್ ಮೆಡಿಕಲ್ ಜರ್ನಲ್‌ನಲ್ಲಿ ರೋಗವಿಜ್ಞಾನಿ ಸಿಮ್ಮರ್ಸ್ ಬರೆದ ಚಿಕ್ಕ ವರದಿಯೊಂದು ತೋರಿಸಿತು. ರೋಗಿ 68 ವರ್ಷದ ನಿವೃತ್ತ ವೈದ್ಯ, ಹೊಟ್ಟೆಯ ಕ್ಯಾನ್ಸರ್ ದೇಹವೆಲ್ಲ ಹರಡಿತ್ತು. ಶ್ವಾಸಕೋಶಕ್ಕೆ ಹೆಪ್ಪುರಕ್ತ ಸಿಕ್ಕಿಕೊಂಡಾಗ ವೈದ್ಯರು ತುರ್ತು ಶಸ್ತ್ರಚಿಕಿತ್ಸೆ ಮಾಡಿ ಉಳಿಸಿದರು. ಎಚ್ಚರವಾದ ಮೇಲೆ ಆತ ವಂದನೆ ಹೇಳಿ, ಮತ್ತೊಮ್ಮೆ ಹೀಗಾದರೆ ದಯವಿಟ್ಟು ಎಬ್ಬಿಸಬೇಡಿ, ಕ್ಯಾನ್ಸರಿನ ನೋವು ಸಾಕಾಗಿದೆ ಎಂದು ಕೇಳಿಕೊಂಡರು. ತಮ್ಮ ಕೇಸ್ ಶೀಟಿನಲ್ಲಿ ಸ್ವತಃ ಬರೆದೂ ಇಟ್ಟರು. ಎರಡು ವಾರಗಳ ಬಳಿಕ ಹೃದಯಾಘಾತವಾಯಿತು. ತುರ್ತು ತಂಡ ಓಡಿಬಂದು ಎಬ್ಬಿಸಿತು. ಆ ರಾತ್ರಿ ಇನ್ನೂ ನಾಲ್ಕು ಬಾರಿ ಹೃದಯ ನಿಂತಿತು, ನಾಲ್ಕು ಬಾರಿಯೂ ಮತ್ತೆ ಬಡಿಯುವಂತೆ ಮಾಡಿದರು. ಮಿದುಳು ಹೋಗಿ, ಸೆಳವು ಬರುತ್ತ, ಅವರು ಮತ್ತೆ ಮೂರು ವಾರ ಉಸಿರಾಡಿದರು. ವೈದ್ಯನೇ ತನ್ನ ಕೈಯಾರೆ ಬರೆದ ‘ಬೇಡ’ಕ್ಕೂ ಆಗ ಆದೇಶದ ತೂಕ ಇರಲಿಲ್ಲ.

ಇದಕ್ಕೆ ತದ್ವಿರುದ್ಧದ ಕಥೆ ಒಂದೇ ವರ್ಷದ ಹಿಂದೆ, 1967ರಲ್ಲಿ, ಲಂಡನ್ನಿನ ನೀಸ್ಡನ್ ಆಸ್ಪತ್ರೆಯಲ್ಲಿ ಬಯಲಾಗಿತ್ತು. ಯಾರನ್ನು ಎಬ್ಬಿಸಬಾರದು ಎಂದು ಅಲ್ಲಿ ಸೂಚನೆಯೊಂದನ್ನು ಹಾಕಿದ್ದರು. 65 ದಾಟಿದವರು, ಕ್ಯಾನ್ಸರ್ ಇದ್ದವರು, ಎದೆಯ ಅಥವಾ ಮೂತ್ರಪಿಂಡದ ದೀರ್ಘಕಾಲದ ಕಾಯಿಲೆ ಇದ್ದವರು ಪಟ್ಟಿಯಲ್ಲಿದ್ದರು. ಅಂಥವರ ಹಳದಿ ಚಿಕಿತ್ಸಾ ಕಾರ್ಡಿನ ತಲೆಯಲ್ಲಿ ಎನ್‌ಟಿಬಿಆರ್ ಎಂದು ಬರೆಯಬೇಕಿತ್ತು. ಎಬ್ಬಿಸತಕ್ಕವರಲ್ಲ ಎಂದು ಅದರ ಅರ್ಥ. ರೋಗಿಗಳಿಗಾಗಲಿ ಮನೆಯವರಿಗಾಗಲಿ ಸುಳಿವಿರಲಿಲ್ಲ. ಸುದ್ದಿ ಹೊರಬಿದ್ದಾಗ ಬ್ರಿಟನ್ನಿನಲ್ಲಿ ದೊಡ್ಡ ಗದ್ದಲವೆದ್ದಿತು. ಮುಂದಿನ ಅರ್ಧ ಶತಮಾನದ ಎರಡು ಭಯಗಳೂ, ಬೇಡವೆಂದವರನ್ನು ಎಬ್ಬಿಸುವ ಭಯ ಮತ್ತು ಬೇಕೆನ್ನಬಹುದಾದವರನ್ನು ಕೇಳದೆಯೇ ಬಿಡುವ ಭಯ, ಈ ಎರಡು ಘಟನೆಗಳಲ್ಲಿ ಆಗಲೇ ಪೂರ್ತಿಯಾಗಿ ಕಾಣುತ್ತವೆ.

ಅಮೆರಿಕದಲ್ಲಿ ಬರಹದ ನಿಯಮ ಇಲ್ಲದ ಕಾಲಕ್ಕೆ ಗುಪ್ತ ಸಂಕೇತಗಳು ಬೆಳೆದವು. ಶುಶ್ರೂಷಕಿಯರ ಕಪ್ಪು ಹಲಗೆಯ ಮೇಲೆ ಅಳಿಸಬಹುದಾದ ಗುರುತು, ಕಡತಕ್ಕೆ ಬಣ್ಣದ ಚುಕ್ಕೆ, ಡ್ಯೂಟಿ ಬದಲಾಗುವಾಗ ಕಿವಿಮಾತು. ಇನ್ನೂ ಕೆಟ್ಟದ್ದು ‘ಸ್ಲೋ ಕೋಡ್’. ತಂಡ ಬೇಕೆಂದೇ ನಿಧಾನವಾಗಿ ನಡೆದು ಬರುತ್ತಿತ್ತು. ಎದೆ ಒತ್ತುವಂತೆ ನಟಿಸಿ, ಪ್ರಯತ್ನ ಮಾಡಿದೆವು ಎಂದು ಮನೆಯವರಿಗೆ ಹೇಳಿ ಮುಗಿಸುತ್ತಿತ್ತು. ಮಾಡಿದರೆ ರೋಗಿಗೆ ಹಿಂಸೆ, ಮಾಡದಿದ್ದರೆ ಕೋರ್ಟಿನ ಭಯ, ನಡುವೆ ಸಿಕ್ಕಿಕೊಂಡ ಕಿರಿಯ ವೈದ್ಯರು ಕಂಡುಕೊಂಡ ದಾರಿ ಇದು. ಅರ್ಥವಾಗುವಂಥದ್ದು, ಆದರೂ ಮೋಸವೇ. ನ್ಯೂಯಾರ್ಕಿನ ಕ್ವೀನ್ಸ್ ಭಾಗದ ಆಸ್ಪತ್ರೆಯೊಂದರಲ್ಲಿ ನೇರಳೆ ಬಣ್ಣದ ಚುಕ್ಕೆ ಅಂಟಿಸಿ ರೋಗಿಗಳನ್ನು ಗುರುತಿಸುತ್ತಿದ್ದುದು 1984ರಲ್ಲಿ ಗ್ರ್ಯಾಂಡ್ ಜ್ಯೂರಿಯ ತನಿಖೆಯಿಂದ ಹೊರಬಂತು. ಚುಕ್ಕೆ ಯಾರು ಹಾಕಿದರು, ಏಕೆ ಹಾಕಿದರು, ರೋಗಿಗೆ ಗೊತ್ತಿತ್ತೇ ಎಂಬುದಕ್ಕೆ ದಾಖಲೆಯೇ ಇರಲಿಲ್ಲ.

ಗುಟ್ಟಿನಿಂದ ಹೊರಬರುವ ಕೆಲಸ ಹತ್ತು ವರ್ಷ ಮೊದಲೇ ಶುರುವಾಗಿತ್ತು. 1974ರಲ್ಲಿ ಅಮೆರಿಕನ್ ಮೆಡಿಕಲ್ ಅಸೋಸಿಯೇಷನ್ನಿನ ಪತ್ರಿಕೆಯಲ್ಲಿ ಬಂದ ಸಿಪಿಆರ್ ಮಾನದಂಡಗಳು, ಈ ಚಿಕಿತ್ಸೆಯ ಉದ್ದೇಶ ಅನಿರೀಕ್ಷಿತವಾದ ಹಠಾತ್ ಸಾವನ್ನು ತಡೆಯುವುದು, ಗುಣವಾಗದ ಕಾಯಿಲೆಯ ಕೊನೆಯಲ್ಲಿ ನಿರೀಕ್ಷಿತವಾಗಿ ಬರುವ ಸಾವಿಗೆ ಇದು ತಕ್ಕುದಲ್ಲ ಎಂದು ಸ್ಪಷ್ಟವಾಗಿ ಹೇಳಿದವು. ಬೇಡವೆಂದು ತೀರ್ಮಾನಿಸಿದರೆ ಅದನ್ನು ರೋಗಿಯ ದಾಖಲೆಯಲ್ಲಿ ಬರೆದು ಸಿಬ್ಬಂದಿಗೆ ತಿಳಿಸಬೇಕು ಎಂದೂ ಸೂಚಿಸಿದವು. 1976ರ ಆಗಸ್ಟ್ 12ರ ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್‌ನಲ್ಲಿ ಬಾಸ್ಟನ್ನಿನ ಎರಡು ಆಸ್ಪತ್ರೆಗಳು ತಮ್ಮ ಒಳನಿಯಮಗಳನ್ನು ಬಹಿರಂಗವಾಗಿ ಪ್ರಕಟಿಸಿದವು. ಮ್ಯಾಸಚೂಸೆಟ್ಸ್ ಜನರಲ್ ಆಸ್ಪತ್ರೆ ಗಂಭೀರ ರೋಗಿಗಳನ್ನು ಚಿಕಿತ್ಸೆಯ ಮಟ್ಟಕ್ಕೆ ತಕ್ಕಂತೆ ನಾಲ್ಕು ವರ್ಗ ಮಾಡಿತು. ಬೆತ್ ಇಸ್ರೇಲ್ ಆಸ್ಪತ್ರೆಯ ಮಿಚೆಲ್ ರಾಬ್ಕಿನ್ ಮತ್ತು ಸಂಗಡಿಗರು ಇನ್ನೊಂದು ಹೆಜ್ಜೆ ಮುಂದೆ ಹೋದರು. ಕಾಯಿಲೆ ಮರಳಲಾರದ್ದೇ, ಸಾವು ಹತ್ತಿರವಿದೆಯೇ ಎಂಬುದನ್ನು ವೈದ್ಯರು ನೋಡಲಿ, ಆದರೆ ಪ್ರಜ್ಞೆಯಿರುವ ರೋಗಿ ತಿಳಿದು ಒಪ್ಪದೆ ಆದೇಶ ಬರೆಯಕೂಡದು ಎಂದರು. ಬಣ್ಣದ ಚುಕ್ಕೆಯ ಜಾಗದಲ್ಲಿ ಸಹಿ, ತಾರೀಕು, ಕಾರಣ ಬಂದವು.

ಅದೇ ವರ್ಷ ಕೋಮಾದಲ್ಲಿದ್ದ ಕ್ಯಾರೆನ್ ಕ್ವಿನ್‌ಲನ್ ಅವರ ವೆಂಟಿಲೇಟರ್ ತೆಗೆಯಲು ನ್ಯೂಜೆರ್ಸಿಯ ಸುಪ್ರೀಂ ಕೋರ್ಟ್ ಅನುಮತಿ ನೀಡಿತ್ತು. ಕ್ಯಾಲಿಫೋರ್ನಿಯಾ, ಯಾವ ಚಿಕಿತ್ಸೆ ಬೇಡವೆಂದು ಮುಂಚಿತವಾಗಿ ಬರೆದಿಡುವ ಲಿವಿಂಗ್ ವಿಲ್‌ಗೆ ಕಾನೂನಿನ ಮನ್ನಣೆ ಕೊಟ್ಟಿತು. ನ್ಯಾಯಾಲಯದ ಬಾಗಿಲು ತೆರೆದದ್ದೇ ಹೊಸ ಗೊಂದಲವೂ ಹುಟ್ಟಿತು. 1977ರ ಮ್ಯಾಸಚೂಸೆಟ್ಸ್ ತೀರ್ಪೊಂದನ್ನು ಓದಿದ ವೈದ್ಯರು ಪ್ರತಿ ಡಿಎನ್‌ಆರ್‌ಗೂ ನ್ಯಾಯಾಧೀಶರ ಒಪ್ಪಿಗೆ ಬೇಕೇನೋ ಎಂದು ಅಂಜಿದರು. ಮರುವರ್ಷ ಡಿನ್ನರ್‌ಸ್ಟೀನ್ ಪ್ರಕರಣದಲ್ಲಿ ಅದೇ ರಾಜ್ಯದ ಮೇಲ್ಮನವಿ ನ್ಯಾಯಾಲಯ ಆ ಅಂಜಿಕೆ ಕಳೆಯಿತು. ಅಲ್‌ಝೈಮರ್ ಕಾಯಿಲೆಯ ಕೊನೆಯ ಹಂತದಲ್ಲಿದ್ದ ಮಹಿಳೆಗೆ ಸಿಪಿಆರ್ ಬೇಡವೆನ್ನುವುದು ವೈದ್ಯರೂ ಮನೆಯವರೂ ಕೂತು ತೀರ್ಮಾನಿಸಬೇಕಾದ ವೈದ್ಯಕೀಯ ವಿಷಯ, ಕೋರ್ಟಿಗೆ ಬರಬೇಕಿಲ್ಲ ಎಂದಿತು. ನೇರಳೆ ಚುಕ್ಕೆಯ ಹಗರಣದ ಬಳಿಕ ನ್ಯೂಯಾರ್ಕ್ 1987ರಲ್ಲಿ ಡಿಎನ್‌ಆರ್‌ಗೆಂದೇ ಕಾಯ್ದೆ ಮಾಡಿತು. ಆಸ್ಪತ್ರೆಗೆ ಸೇರಿದ ಪ್ರತಿಯೊಬ್ಬರೂ ಸಿಪಿಆರ್‌ಗೆ ಒಪ್ಪಿದ್ದಾರೆಂದೇ ತಿಳಿಯಬೇಕು, ಬೇಡವಾದರೆ ಒಪ್ಪಿಗೆಯೊಂದಿಗೆ ಬರೆದ ಆದೇಶ ಇರಬೇಕು ಎಂದು ಅದು ವಿಧಿಸಿತು. ರೂಢಿಯಲ್ಲಿದ್ದ ತಲೆಕೆಳಗು ಕ್ರಮ ಹೀಗೆ ಶಾಸನದೊಳಕ್ಕೂ ಬಂತು. 1988ರಲ್ಲಿ ಆಸ್ಪತ್ರೆಗಳಿಗೆ ಮಾನ್ಯತೆ ನೀಡುವ ಅಮೆರಿಕದ ಆಯೋಗ ಪ್ರತಿ ಆಸ್ಪತ್ರೆಗೂ ಡಿಎನ್‌ಆರ್ ನೀತಿ ಕಡ್ಡಾಯ ಮಾಡಿತು. 1991ರ ಡಿಸೆಂಬರಿನಿಂದ ಜಾರಿಯಾದ ಒಕ್ಕೂಟದ ಕಾಯ್ದೆಯ ಪ್ರಕಾರ, ಸೇರುವಾಗಲೇ ರೋಗಿಗೆ ಅವನ ಹಕ್ಕುಗಳನ್ನು ತಿಳಿಸಬೇಕಾಯಿತು. ಇದೇ ಕಾಲಕ್ಕೆ, 1980ರ ದಶಕದ ಕೊನೆಯಲ್ಲಿ, ಸೌದಿ ಅರೇಬಿಯಾದಲ್ಲಿ ಮೂವರು ತಜ್ಞ ವೈದ್ಯರು ಒಪ್ಪಿದರೆ ಪುನಶ್ಚೇತನ ಕೈಬಿಡಬಹುದು ಎಂಬ ಫತ್ವಾ ಬಂದಿತ್ತು.

ಕಾಗದ ಬಂದರೂ ಮಾತುಕತೆ ಬರಲಿಲ್ಲ. ಐದು ಅಮೆರಿಕನ್ ಆಸ್ಪತ್ರೆಗಳ 9,105 ಗಂಭೀರ ರೋಗಿಗಳನ್ನು ಗಮನಿಸಿದ ‘ಸಪೋರ್ಟ್’ ಅಧ್ಯಯನ 1995ರಲ್ಲಿ ಪ್ರಕಟವಾಯಿತು. ಸಿಪಿಆರ್ ಬೇಡವೆಂಬ ರೋಗಿಯ ಇಚ್ಛೆ ತಿಳಿದಿದ್ದ ವೈದ್ಯರು ಶೇ 47 ಮಾತ್ರ. ಡಿಎನ್‌ಆರ್ ಆದೇಶಗಳಲ್ಲಿ ಶೇ 46ರಷ್ಟು ಸಾವಿನ ಹಿಂದಿನ ಎರಡು ದಿನಗಳೊಳಗೆ ಬರೆದವು. ರೋಗಿ ಮಾತಾಡುವ ಸ್ಥಿತಿ ದಾಟಿದ ಮೇಲೆ ಮನೆಯವರನ್ನು ಕರೆದು ಕೇಳುವ ಅಭ್ಯಾಸ ಅದು, ಈಗಲೂ ಎಲ್ಲೆಡೆ ಇದೆ. ಜನರ ನಿರೀಕ್ಷೆಯೂ ವಾಸ್ತವದಿಂದ ದೂರವಿತ್ತು. 1983ರಲ್ಲಿ ಬೆತ್ ಇಸ್ರೇಲ್ ಆಸ್ಪತ್ರೆಯಿಂದ ಬಂದ ಅಧ್ಯಯನದಲ್ಲಿ ಸಿಪಿಆರ್ ಪಡೆದವರಲ್ಲಿ ಮನೆಗೆ ಮರಳಿದವರು ಶೇ 14. ಟಿವಿಯ ಕತೆ ಬೇರೆ: ಮೂರು ಜನಪ್ರಿಯ ಅಮೆರಿಕನ್ ಕಾರ್ಯಕ್ರಮಗಳನ್ನು ಕೂತು ನೋಡಿ ಲೆಕ್ಕ ಹಾಕಿದ 1996ರ ಲೇಖನದ ಪ್ರಕಾರ ತೆರೆಯ ಮೇಲೆ ಮುಕ್ಕಾಲು ಪಾಲು ರೋಗಿಗಳು ಏಳುತ್ತಿದ್ದರು, ಮೂರರಲ್ಲಿ ಎರಡು ಪಾಲು ಮನೆಗೂ ಹೋಗುತ್ತಿದ್ದರು. ನಿಮಿಷಕ್ಕೆ ನೂರಕ್ಕಿಂತ ಹೆಚ್ಚು ಬಾರಿ, ಐದು ಸೆಂಟಿಮೀಟರ್ ಆಳಕ್ಕೆ ಎದೆ ಒತ್ತಿದಾಗ ಮುದಿ ಪಕ್ಕೆಲುಬುಗಳು ಮುರಿಯುವ ಸದ್ದು ಟಿವಿಯಲ್ಲಿ ಕೇಳುವುದಿಲ್ಲ. ಅಮೆರಿಕದ ಆಸ್ಪತ್ರೆಗಳಲ್ಲಿ ಈಗ ಐವರಲ್ಲಿ ಒಬ್ಬರು ಅಥವಾ ತುಸು ಹೆಚ್ಚು ಮಂದಿ ಬದುಕಿ ಹೊರಬರುತ್ತಾರೆ. ಹರಡಿದ ಕ್ಯಾನ್ಸರ್, ಹಲವು ಅಂಗಗಳ ವೈಫಲ್ಯ ಇದ್ದವರಲ್ಲಿ ಆ ಪ್ರಮಾಣ ತೀರಾ ಕೆಳಗಿಳಿಯುತ್ತದೆ.

ಹೆಸರು ಬದಲಾದದ್ದಕ್ಕೂ ಈ ಅಂಕಿಗಳೇ ಕಾರಣ. ಎಬ್ಬಿಸಬೇಡಿ ಎಂದರೆ ಎಬ್ಬಿಸಿದರೆ ಏಳುತ್ತಿದ್ದರು ಎಂಬ ಧ್ವನಿ ಬರುತ್ತದೆ. ಮಗನಿಗೋ ಮಗಳಿಗೋ ತಾನೇ ಸಾವಿಗೆ ಸಹಿ ಹಾಕಿದೆ ಎನಿಸುತ್ತದೆ. ಹಾಗಾಗಿ ಪ್ರಯತ್ನ ಎಂಬ ಅರ್ಥದ ಅಕ್ಷರ ಸೇರಿಸಿ ಡಿಎನ್‌ಎಆರ್ ಎಂದರು. ಬ್ರಿಟನ್ನಿನಲ್ಲಿ ಡಿಎನ್‌ಎಸಿಪಿಆರ್ ರೂಢಿಯಾಯಿತು. ಸಹಜ ಸಾವಿಗೆ ಬಿಡಿ ಎಂಬ ಅರ್ಥದ ಎಎನ್‌ಡಿ ಎಂಬುದನ್ನೂ ಅಮೆರಿಕದ ಕೆಲವು ಆಸ್ಪತ್ರೆಗಳು ಬಳಸುತ್ತವೆ. ಹೆಸರಿಗಿಂತ ಬಳಕೆಯ ದೋಷ ದೊಡ್ಡದು. ಡಿಎನ್‌ಆರ್ ಎಂದು ಕಂಡೊಡನೆ ಉಳಿದ ಚಿಕಿತ್ಸೆಯ ಬಿಗಿಯೂ ಸಡಿಲವಾಗುತ್ತದೆ, ವೈದ್ಯರ ಸುತ್ತು ಆ ಹಾಸಿಗೆಯ ಬಳಿ ಚಿಕ್ಕದಾಗುತ್ತದೆ ಎಂಬ ದೂರು ಹಲವು ದೇಶಗಳಲ್ಲಿದೆ. ಶಸ್ತ್ರಚಿಕಿತ್ಸೆಯ ಹೊತ್ತಿನ ಪ್ರಶ್ನೆಯೂ ಸುಲಭದ್ದಲ್ಲ. ಡಿಎನ್‌ಆರ್ ಇರುವ ಕ್ಯಾನ್ಸರ್ ರೋಗಿಗೆ ಮುರಿದ ತೊಡೆಯ ಮೂಳೆ ಜೋಡಿಸುವಾಗ, ಅರಿವಳಿಕೆಯ ಔಷಧದಿಂದಲೇ ಹೃದಯ ನಿಂತರೆ? ಮೊದಲೆಲ್ಲ ಕೊಠಡಿಗೆ ಬರುವಾಗ ಆದೇಶ ತಾನಾಗಿ ರದ್ದಾಗುತ್ತಿತ್ತು. 1993ರಲ್ಲಿ ಅಮೆರಿಕದ ಅರಿವಳಿಕೆ ತಜ್ಞರ ಸಂಘ ಅದನ್ನು ಒಪ್ಪದೆ, ಪ್ರತಿ ಸಲವೂ ರೋಗಿಯೊಡನೆ ಮತ್ತೆ ಮಾತಾಡಿ ತೀರ್ಮಾನಿಸಬೇಕೆಂದಿತು.

ಆಸ್ಪತ್ರೆಯ ಹೊರಗೆ ಆದೇಶ ಹೇಗೆ ಕಾಣಬೇಕು ಎಂಬುದಕ್ಕೆ ಅಮೆರಿಕದ ರಾಜ್ಯಗಳು ಬಣ್ಣದ ನಮೂನೆ, ಕೈಕಡಗಗಳನ್ನು ತಂದಿವೆ. ಒರೆಗಾನ್‌ನಲ್ಲಿ 1990ರ ದಶಕದ ಆರಂಭದಲ್ಲಿ ಶುರುವಾದ ಪಿಒಎಲ್‌ಎಸ್‌ಟಿ ನಮೂನೆ ಸಿಪಿಆರ್ ಜೊತೆಗೆ ವೆಂಟಿಲೇಟರ್, ಆಸ್ಪತ್ರೆಗೆ ಸಾಗಿಸುವುದು ಮುಂತಾದವನ್ನೂ ಒಂದೇ ಹಾಳೆಯಲ್ಲಿ ತಂದಿತು. ಫ್ಲಾರಿಡಾದ ನಮೂನೆ ಹಳದಿ ಬಣ್ಣದ್ದು. ಆ ರಾಜ್ಯದ ಮಯಾಮಿಯ ಆಸ್ಪತ್ರೆಯೊಂದಕ್ಕೆ ಪ್ರಜ್ಞೆಯಿಲ್ಲದೆ ಬಂದ 70 ವರ್ಷದ ವ್ಯಕ್ತಿಯ ಎದೆಯ ಮೇಲೆ ಎಬ್ಬಿಸಬೇಡಿ ಎಂಬ ಹಚ್ಚೆ, ಕೆಳಗೆ ಸಹಿ ಇತ್ತು ಎಂದು 2017ರಲ್ಲಿ ವರದಿಯಾಯಿತು. ಹಚ್ಚೆಯನ್ನು ನಂಬಬೇಕೇ ಎಂದು ಮೊದಲು ಹಿಂಜರಿದು ವೈದ್ಯರು ಚಿಕಿತ್ಸೆ ಶುರು ಮಾಡಿದರು. ನೀತಿ ಸಲಹೆಗಾರರು ನಂಬಬಹುದು ಎಂದರು. ಕೊನೆಗೆ ಅಧಿಕೃತ ನಮೂನೆಯೂ ಸಿಕ್ಕಿತು. ಹಿಂಜರಿಕೆಗೆ ಕಾರಣವಿತ್ತು. 2012ರ ಇನ್ನೊಂದು ವರದಿಯಲ್ಲಿ, ಎದೆಯ ಮೇಲೆ ಡಿಎನ್‌ಆರ್ ಎಂಬ ಮೂರಕ್ಷರ ಹಾಕಿಸಿಕೊಂಡಿದ್ದ ವ್ಯಕ್ತಿ ಅದು ಪೋಕರ್ ಆಟದ ಬಾಜಿಯಲ್ಲಿ ಸೋತದ್ದಕ್ಕೆ ಎಂದಿದ್ದ. ತನ್ನನ್ನು ಎಬ್ಬಿಸಲೇಬೇಕೆಂದೂ ಹೇಳಿದ್ದ.

ಬ್ರಿಟನ್ನಿನಲ್ಲಿ ನೀಸ್ಡನ್ ಪ್ರಶ್ನೆಗೆ ಕಾನೂನಿನ ಉತ್ತರ ಬರಲು 47 ವರ್ಷ ಬೇಕಾಯಿತು. ಅಲ್ಲಿ ಸಿಪಿಆರ್ ಬೇಡವೆನ್ನುವುದು ಮೂಲತಃ ವೈದ್ಯರ ನಿರ್ಧಾರ. ಫಲವಿಲ್ಲದ ಚಿಕಿತ್ಸೆಯನ್ನು ರೋಗಿ ಒತ್ತಾಯಿಸಿ ಪಡೆಯಲಾಗದು. ಆದರೆ ರೋಗಿಗೆ ಹೇಳದೆ, ಕೇಳದೆ ಆದೇಶ ಬರೆಯುವುದು ಖಾಸಗಿ ಬದುಕಿನ ಹಕ್ಕಿನ ಉಲ್ಲಂಘನೆ, ಬೇಸರವಾದೀತೆಂಬುದು ಮುಚ್ಚಿಡಲು ಸಾಕಾಗುವ ಕಾರಣವಲ್ಲ ಎಂದು 2014ರ ಟ್ರೇಸಿ ಪ್ರಕರಣದಲ್ಲಿ ಮೇಲ್ಮನವಿ ನ್ಯಾಯಾಲಯ ಹೇಳಿತು. ಆರೇ ವರ್ಷಕ್ಕೆ ಕೋವಿಡ್ ಬಂದು ಆ ಪಾಠ ಅಲುಗಾಡಿತು. 2020ರ ಮಾರ್ಚಿನಲ್ಲಿ ವೇಲ್ಸ್‌ನ ವೈದ್ಯಕೇಂದ್ರವೊಂದು ಗಂಭೀರ ಕಾಯಿಲೆಯವರಿಗೆ ನಮೂನೆಗೆ ಸಹಿ ಹಾಕುವಂತೆ ಪತ್ರ ಕಳಿಸಿ, ಆಮೇಲೆ ಕ್ಷಮೆ ಕೇಳಿತು. ವೃದ್ಧಾಶ್ರಮಗಳಲ್ಲಿ, ಅಂಗವಿಕಲರ ಮನೆಗಳಲ್ಲಿ ಎಲ್ಲರಿಗೂ ಒಟ್ಟಾಗಿ ಆದೇಶ ಬರೆದ ದೂರುಗಳು ಬಂದವು. ಆರೈಕೆಯ ಗುಣಮಟ್ಟ ನೋಡುವ ಇಂಗ್ಲೆಂಡಿನ ಆಯೋಗ 2021ರ ಮಾರ್ಚಿನಲ್ಲಿ ಈ ಬಗ್ಗೆ ಆತಂಕದ ವರದಿ ಕೊಟ್ಟಿತು.

ಭಾರತದ ಪದ್ಧತಿ ಬೇರೆ ದಾರಿಯಲ್ಲಿ ಸಾಗಿತು. ಇಲ್ಲಿ ಬಹುಕಾಲ ಡಿಎನ್‌ಆರ್‌ನ ಕೆಲಸವನ್ನು ಮಾಡಿದ್ದು ‘ಲಾಮಾ’, ಅಂದರೆ ವೈದ್ಯರ ಸಲಹೆಗೆ ವಿರುದ್ಧವಾಗಿ ಬಿಟ್ಟುಹೋದರು ಎಂಬ ಷರಾ. ಇನ್ನು ಆಗುವುದಿಲ್ಲ, ಮನೆಗೆ ಕರೆದುಕೊಂಡು ಹೋಗಿ ಎಂದು ವೈದ್ಯರು ಮೆಲ್ಲಗೆ ಹೇಳುತ್ತಾರೆ. ದುಡ್ಡು ಮುಗಿದ ಮನೆಯವರು ಸಹಿ ಹಾಕುತ್ತಾರೆ. ಸಲಹೆಗೆ ವಿರುದ್ಧ ಎಂಬ ಷರಾ ಸಲಹೆ ಕೊಟ್ಟವರ ಕಡತದಲ್ಲೇ ಬೀಳುತ್ತದೆ. ಕೊನೆಯುಸಿರು ಮನೆಯಲ್ಲಿ ಹೋಗಲಿ, ಬಾಯಿಗೆ ತುಳಸಿ ನೀರು ಬೀಳಲಿ ಎಂಬ ಆಸೆಯೂ ಆಸ್ಪತ್ರೆ ಬಿಲ್ಲಿನ ಭಯವೂ ಅಲ್ಲಿ ಬೆರೆತಿರುತ್ತವೆ. ಆದರೆ ನೋವಿನ ಮದ್ದಿಗೆ ಏರ್ಪಾಡಿಲ್ಲದೆ, ಕೊಳವೆ ಕಿತ್ತು ಆಂಬುಲೆನ್ಸಿಗೆ ಏರಿಸಿದ ರೋಗಿಗೆ ಅದು ಕಠಿಣ ಸಾವು. ಬರೆದರೆ ಆತ್ಮಹತ್ಯೆಗೆ ಕುಮ್ಮಕ್ಕು, ನಿರ್ಲಕ್ಷ್ಯದ ಸಾವು ಎಂದು ಕೇಸು ಬೀಳಬಹುದೆಂಬ ಅಂಜಿಕೆಯಿಂದ ಅನೇಕ ಕಡೆ ಸಿಪಿಆರ್ ಬೇಡವೆಂಬುದು ಮಾತಿನಲ್ಲೇ ಉಳಿಯುತ್ತಿತ್ತು. 2002ರ ವೈದ್ಯಕೀಯ ಪರಿಷತ್ತಿನ ನೀತಿಸಂಹಿತೆ ದಯಾಮರಣವನ್ನು ನಿಷೇಧಿಸಿ, ಮಿದುಳು ಸತ್ತ ಮೇಲೆ ಉಪಕರಣ ತೆಗೆಯುವುದನ್ನು ವೈದ್ಯರ ತಂಡ ನಿರ್ಧರಿಸಲಿ ಎಂದಷ್ಟೇ ಹೇಳಿತ್ತು. 2005ರಲ್ಲಿ ತೀವ್ರ ನಿಗಾ ತಜ್ಞರ ಭಾರತೀಯ ಸಂಘ ತನ್ನ ಮಾರ್ಗಸೂಚಿಯನ್ನು ಹೊರತಂದಿತಾದರೂ ಅದಕ್ಕೆ ಕಾನೂನಿನ ಬಲವಿರಲಿಲ್ಲ.

ಕಾನೂನಿನ ಚರ್ಚೆಗೆ ದಾರಿ ಮಾಡಿದ್ದು ಉತ್ತರ ಕನ್ನಡದ ಹಳದೀಪುರದಿಂದ ಮುಂಬೈಗೆ ಹೋಗಿ ಕೆಇಎಂ ಆಸ್ಪತ್ರೆಯಲ್ಲಿ ದಾದಿಯಾಗಿದ್ದ ಅರುಣಾ ಶಾನಭಾಗ ಅವರ ಪ್ರಕರಣ. 1973ರ ನವೆಂಬರ್ 27ರ ಹಲ್ಲೆಯಲ್ಲಿ ಮಿದುಳಿಗೆ ಪೆಟ್ಟಾಗಿ ಅವರು ನಾಲ್ಕು ದಶಕಕ್ಕೂ ಮಿಕ್ಕಿ ಅದೇ ಆಸ್ಪತ್ರೆಯ ಹಾಸಿಗೆಯಲ್ಲಿದ್ದರು. ಬಲವಂತದ ಆಹಾರ ನಿಲ್ಲಿಸಬೇಕೆಂದು ಲೇಖಕಿ ಪಿಂಕಿ ವಿರಾನಿ ಸಲ್ಲಿಸಿದ ಅರ್ಜಿಯನ್ನು ಸುಪ್ರೀಂ ಕೋರ್ಟ್ 2011ರ ಮಾರ್ಚ್ 7ರಂದು ತಳ್ಳಿಹಾಕಿತು. ನೋಡಿಕೊಳ್ಳುತ್ತಿದ್ದ ದಾದಿಯರು ಅದನ್ನು ಬಯಸಿರಲಿಲ್ಲ. ಆದರೆ ಅದೇ ತೀರ್ಪು, ಹೈಕೋರ್ಟಿನ ಅನುಮತಿ ಪಡೆದು ಜೀವಾಧಾರ ಚಿಕಿತ್ಸೆಯನ್ನು ನಿಲ್ಲಿಸಬಹುದು ಎಂದು ಮೊದಲ ಬಾರಿ ಒಪ್ಪಿಕೊಂಡಿತು. ಅರುಣಾ 2015ರ ಮೇ 18ರಂದು ನ್ಯುಮೋನಿಯಾದಿಂದ ತೀರಿಕೊಂಡರು. 2018ರ ಮಾರ್ಚ್ 9ರಂದು ಕಾಮನ್ ಕಾಸ್ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಘನತೆಯಿಂದ ಸಾಯುವುದು ಸಂವಿಧಾನದ 21ನೇ ವಿಧಿಯ ಭಾಗವೆಂದು ಸಾರಿ ಲಿವಿಂಗ್ ವಿಲ್‌ಗೆ ಮನ್ನಣೆ ಕೊಟ್ಟಿತು. ವಿಧಿಸಿದ ಕ್ರಮ ಮಾತ್ರ ಎಷ್ಟು ಜಟಿಲವಿತ್ತೆಂದರೆ ಯಾರೂ ಬಳಸುವಂತಿರಲಿಲ್ಲ: ಮ್ಯಾಜಿಸ್ಟ್ರೇಟರ ಮುಂದೆ ಸಹಿ, ಎರಡು ವೈದ್ಯಮಂಡಳಿ, 20 ವರ್ಷ ಅನುಭವದ ತಜ್ಞರು, ಕೊನೆಗೆ ಮ್ಯಾಜಿಸ್ಟ್ರೇಟರೇ ಬಂದು ರೋಗಿಯನ್ನು ನೋಡಬೇಕು. 2023ರ ಜನವರಿ 24ರಂದು ನ್ಯಾಯಮೂರ್ತಿ ಕೆ.ಎಂ. ಜೋಸೆಫ್ ನೇತೃತ್ವದ ಪೀಠ ಇದನ್ನು ಸಡಿಲಿಸಿತು. ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯ ಮುಂದಿನ ಸಹಿ ಸಾಕು, ತಜ್ಞರಿಗೆ ಐದು ವರ್ಷದ ಅನುಭವ ಸಾಕು, ಮಂಡಳಿಗಳು ಸಾಧ್ಯವಾದಷ್ಟು 48 ಗಂಟೆಯೊಳಗೆ ಅಭಿಪ್ರಾಯ ಕೊಡಲಿ, ಮ್ಯಾಜಿಸ್ಟ್ರೇಟರಿಗೆ ತಿಳಿಸಿದರೆ ಆಯಿತು ಎಂದಿತು.

ಡಿಎನ್‌ಆರ್ ಬಗ್ಗೆಯೇ ನೇರವಾಗಿ ಮಾತಾಡಿದ್ದು ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ, ಐಸಿಎಂಆರ್. 2020ರಲ್ಲಿ ಅದು ಹೊರತಂದ ಮಾರ್ಗಸೂಚಿ ಡಿಎನ್‌ಎಆರ್ ಎಂಬ ಹೆಸರನ್ನೇ ಆರಿಸಿಕೊಂಡಿತು. ಆದೇಶ ಸಿಪಿಆರ್‌ಗೆ ಮಾತ್ರ, ಉಳಿದ ಚಿಕಿತ್ಸೆಯೂ ಆರೈಕೆಯೂ ಮುಂದುವರಿಯಬೇಕು. ಗುಣವಾಗದ, ಸಿಪಿಆರ್‌ನಿಂದ ಪ್ರಯೋಜನವಿಲ್ಲದ ಸ್ಥಿತಿಯೇ ಎಂಬುದನ್ನು ಚಿಕಿತ್ಸೆ ನೀಡುವ ವೈದ್ಯರು ತೀರ್ಮಾನಿಸಬೇಕು. ಪ್ರಜ್ಞೆಯಿರುವ ರೋಗಿಯೊಡನೆ, ಇಲ್ಲದಿದ್ದರೆ ಮನೆಯವರೊಡನೆ ಮಾತಾಡಿ ನಮೂನೆ ತುಂಬಬೇಕು. ಒಪ್ಪಿಗೆಯಾಗದಿದ್ದರೆ ಇನ್ನೊಬ್ಬರ ಅಭಿಪ್ರಾಯ ಪಡೆಯಬೇಕು. ಸ್ಥಿತಿ ಬದಲಾದರೆ ಮರುಪರಿಶೀಲಿಸಬೇಕು. 1976ರ ಬಾಸ್ಟನ್ ನಿಯಮಗಳನ್ನು ನೆನಪಿಸುವ ಈ ಕ್ರಮ ನ್ಯಾಯಾಲಯದ ವೈದ್ಯಮಂಡಳಿಗಳ ದಾರಿಗಿಂತ ಹಗುರ. ಕಾಯ್ದೆಯ ಬೆಂಬಲವಿಲ್ಲವೆಂಬುದೇ ಅದರ ದುರ್ಬಲ ಜಾಗ. 2024ರಲ್ಲಿ ಕೇಂದ್ರ ಆರೋಗ್ಯ ಸಚಿವಾಲಯ ಜೀವಾಧಾರ ಚಿಕಿತ್ಸೆ ಹಿಂಪಡೆಯುವ ಬಗ್ಗೆ ಕರಡು ಪ್ರಕಟಿಸಿದಾಗ, ಇದು ವೈದ್ಯರನ್ನು ಕಾನೂನಿನ ಒತ್ತಡಕ್ಕೆ ಸಿಲುಕಿಸುತ್ತದೆ ಎಂದು ಭಾರತೀಯ ವೈದ್ಯಕೀಯ ಸಂಘ ಆಕ್ಷೇಪಿಸಿತು.

ಕರ್ನಾಟಕದ ಆರೋಗ್ಯ ಇಲಾಖೆ 2025ರ ಜನವರಿ ಕೊನೆಯಲ್ಲಿ ಸುಪ್ರೀಂ ಕೋರ್ಟಿನ ನಿರ್ದೇಶನಗಳನ್ನು ಜಾರಿಗೆ ತರುವ ಸುತ್ತೋಲೆ ಹೊರಡಿಸಿತು. ಆಸ್ಪತ್ರೆಗಳು ಪ್ರಾಥಮಿಕ ಮತ್ತು ದ್ವಿತೀಯ ವೈದ್ಯಮಂಡಳಿ ರಚಿಸಬೇಕು, ದ್ವಿತೀಯ ಮಂಡಳಿಗೆ ಜಿಲ್ಲಾ ಆರೋಗ್ಯಾಧಿಕಾರಿ ಸೂಚಿಸಿದ ವೈದ್ಯರೊಬ್ಬರು ಇರಬೇಕು, ಹತ್ತಿರದ ಬಂಧುಗಳ ಒಪ್ಪಿಗೆ ಬೇಕು, ತೀರ್ಮಾನದ ಪ್ರತಿ ಮ್ಯಾಜಿಸ್ಟ್ರೇಟರಿಗೂ ಅಲ್ಲಿಂದ ಹೈಕೋರ್ಟಿನ ರಿಜಿಸ್ಟ್ರಾರರಿಗೂ ಹೋಗಬೇಕು ಎಂಬುದು ಅದರ ಸಾರ. ಇದನ್ನು ದಯಾಮರಣವೆಂದು ತಪ್ಪು ತಿಳಿಯಬಾರದೆಂದು ಸಚಿವ ದಿನೇಶ್ ಗುಂಡೂರಾವ್ ಆಗಲೇ ಸ್ಪಷ್ಟಪಡಿಸಿದರು. ದಾಖಲಾಗಿರುವ ರೋಗಿಯ ವೆಂಟಿಲೇಟರ್, ಡಯಾಲಿಸಿಸ್‌ನಂಥ ಚಿಕಿತ್ಸೆಗಳನ್ನು ನಿಲ್ಲಿಸಲು ಅಥವಾ ತೊಡಗದಿರಲು ಈ ಮಂಡಳಿಗಳಿವೆ. ವಾರ್ಡಿನಲ್ಲಿ ಬರೆಯುವ ಡಿಎನ್‌ಎಆರ್ ಐಸಿಎಂಆರ್ ಮಾರ್ಗಸೂಚಿಯ ಆಧಾರದ ಮೇಲೆ ನಡೆಯುತ್ತದೆ. ಎರಡೂ ಆಸ್ಪತ್ರೆಯ ಗೋಡೆಯೊಳಗಿನ ವ್ಯವಸ್ಥೆಗಳು. ಮನೆಯಲ್ಲೇ ಕೊನೆಯ ದಿನ ಕಳೆಯುತ್ತಿರುವವರು ಕೈಗೆಟಕುವಂತೆ ಇಟ್ಟುಕೊಂಡು, ಕರೆ ಬಂದಾಗ ಓಡಿಬರುವ ಆಂಬುಲೆನ್ಸ್ ಸಿಬ್ಬಂದಿಗೆ ತೋರಿಸಬಹುದಾದ, ಫ್ಲಾರಿಡಾದ ಹಳದಿ ಹಾಳೆಯಂಥ ನಮೂನೆ ಈ ಯಾವ ನಿಯಮದಲ್ಲೂ ಇಲ್ಲ.